ಪಟ್ಟೆರಾಯನ ಚಡ್ಡಿ

ಪಟ್ಟೆರಾಯನಿಗೆ ಚಡ್ಡಿ ತೊಡಿಸಿದವರು ನಮ್ಮ ಯಜಮಾನರು. ಇದನ್ನು ಮೊದಲೇ ಹೇಳಿಬಿಡುತ್ತೇನೆ. ಆಮೇಲೆ ಯಾರಾದರೂ ಬಂದು, ಹಾಗಲ್ಲಮ್ಮ, ಆಗ ಕಾಲ ಹಾಗಿತ್ತು, ಜನ ಹಾಗಿದ್ದರು ಅಂತ ರಾಗ ಎಳೆಯಬಾರದು. ಕಾಲವೂ ಇಲ್ಲ, ಜನವೂ ಇಲ್ಲ. ಒಬ್ಬ ಮನುಷ್ಯ, ಒಂದು ಡಬ್ಬಿ ನೀಲಿ ಬಣ್ಣ, ಅಷ್ಟೇ. ಅನುಭವಿಸುತ್ತಿರುವವಳು ಮಾತ್ರ ನನ್ನ ತಂಗಿ.

ಪಟ್ಟೆರಾಯ ಅಂದರೆ ಮನುಷ್ಯನಲ್ಲ, ಬೊಂಬೆ. ವೈದ್ಯಕೀಯ ಕಾಲೇಜುಗಳಿಗೆ, ಆಸ್ಪತ್ರೆಗಳಿಗೆ ಬೇಕಾದ ಮೈಯ ಮಾದರಿಗಳನ್ನು ಮಾಡುವ ಕಾರ್ಖಾನೆ ನಮ್ಮದು. ಬಿಚ್ಚಿ ತೋರಿಸುವ ಕಿವಿ, ಎರಡು ಹೋಳಾಗುವ ಮೂತ್ರಪಿಂಡ, ದವಡೆ, ತಲೆಬುರುಡೆ ಎಲ್ಲ ಮಾಡುತ್ತೇವೆ. ಆದರೆ ಹೆಚ್ಚು ಬೇಡಿಕೆ ಪಟ್ಟೆರಾಯನಿಗೇ. ನನ್ನ ಸೊಂಟದೆತ್ತರದ ಪ್ಲಾಸ್ಟರ್ ಗಂಡಸು, ಕೈ ಸ್ವಲ್ಪ ಚಾಚಿಕೊಂಡು ನಿಂತಿರುತ್ತಾನೆ. ಬೆನ್ನುಮೂಳೆಯ ಸಂದುಸಂದಿನಿಂದ ನರಗಳು ಜೋಡಿ ಜೋಡಿಯಾಗಿ ಹೊರಡುತ್ತವಂತೆ. ಒಂದೊಂದು ಜೋಡಿಗೂ ಚರ್ಮದ ಮೇಲೆ ಅದರದೇ ಸೀಮೆ. ಕತ್ತಿನ ಆರನೆಯದು ಹೆಬ್ಬೆರಳಿಗೆ, ಎಂಟನೆಯದು ಕಿರುಬೆರಳಿಗೆ, ಎದೆಯ ಹತ್ತನೆಯದು ಹೊಕ್ಕುಳಿಗೆ. ಆ ಸೀಮೆಗಳನ್ನೆಲ್ಲ ಬೇರೆ ಬೇರೆ ಬಣ್ಣದ ಪಟ್ಟೆಗಳಲ್ಲಿ ಬರೆದು, ಪಟ್ಟೆಯ ಮೇಲೆ ನಂಬರು ಹಾಕಿದರೆ ಅವನೇ ಪಟ್ಟೆರಾಯ. ಹೆಸರಿಟ್ಟಿದ್ದು ನಾವು, ಕೆಲಸದ ಹೆಂಗಸರು.

ನಾನು ಎರಕದವಳು. ಅಚ್ಚಿನ ಎರಡು ಹೋಳು ಜೋಡಿಸಿ, ಕಬ್ಬಿಣದ ಕ್ಲಿಪ್ಪು ಬಿಗಿದು, ಪ್ಲಾಸ್ಟರು ಕಲೆಸಿ ಸುರಿಯುವುದು ನನ್ನ ಕೆಲಸ. ನನ್ನ ತಂಗಿ ಬಣ್ಣದವಳು. ಅವಳ ಕೈ ನೋಡಬೇಕು ನೀವು. ಅಳತೆಪಟ್ಟಿ ಇಲ್ಲ, ದಾರ ಇಲ್ಲ, ಕುಂಚ ಅದ್ದಿ ಬೊಂಬೆಯ ಬೆನ್ನಿನಿಂದ ಎದೆಗೆ ಒಂದು ಸುತ್ತು ತಂದರೆ ಗೆರೆಗೆ ಗೆರೆ ಕೂಡುತ್ತಿತ್ತು. ಕತ್ತು, ಎದೆ, ಸೊಂಟ, ಬೆನ್ನುಮೂಳೆ ಮುಗಿಯುವಲ್ಲಿ ಬುಡ ಅಂತ ನರಗಳಿಗೆ ನಮ್ಮದೇ ನಾಲ್ಕು ಹೆಸರಿದ್ದವು. ಊಟಕ್ಕೆ ಕೂತಾಗ ಯಾರಾದರೂ ಮೊಣಕಾಲು ನೋವು ಅಂದರೆ ಸಾಕು, ಇವಳು "ಸೊಂಟದ ಮೂರಾ, ನಾಲ್ಕಾ ನೋಡ್ಕೊಳ್ಳೇ" ಅಂತ ರೇಗಿಸುತ್ತಿದ್ದಳು. ಅದು ಯಾಕೆ ಹಾಗೆ ಅಂತ ನಮಗ್ಯಾರಿಗೂ ಗೊತ್ತಿರಲಿಲ್ಲ. ಗೋಡೆಗೆ ಹಾಕಿದ್ದ ನರಗಳ ಪಟ ನೋಡಿ ಬರೆಯುತ್ತಿದ್ದೆವು, ಅಷ್ಟೇ.

ಮೊದಮೊದಲು ಪಟ್ಟೆರಾಯ ಹುಟ್ಟುಡುಗೆಯಲ್ಲೇ ಇದ್ದ. ಯಾವುದೋ ಕಾಲೇಜಿನ ಪ್ರಾಂಶುಪಾಲರು ಒಂದು ಬೊಂಬೆಯನ್ನು ವಾಪಸು ಕಳಿಸಿದರಂತೆ. ತರಗತಿಯಲ್ಲಿ ಹುಡುಗಿಯರು ತಲೆ ತಗ್ಗಿಸುತ್ತಾರೆ, ಹುಡುಗರು ಕಿಸಿಕಿಸಿ ನಗುತ್ತಾರೆ ಅಂತ. ನಾಳೆ ಡಾಕ್ಟರಾಗುವವರು! ಇವರಿಗೆ ಬೊಂಬೆಯ ಮೈ ನೋಡಿದರೆ ನಾಚಿಕೆಯಂತೆ, ಇನ್ನು ರೋಗಿಯನ್ನು ಏನು ನೋಡುತ್ತಾರೆ? ನಮ್ಮ ಯಜಮಾನರು ಅದನ್ನು ಕೇಳಲಿಲ್ಲ. ಮಾರನೆಯ ದಿನ ಎರಕದ ಕೋಣೆಗೆ ಬಂದು, "ಇನ್ಮೇಲೆ ಒಂದು ಚಡ್ಡಿ ಮಾಡಿಬಿಡಮ್ಮ. ಮರ್ಯಾದಸ್ಥರ ಕಾರ್ಖಾನೆ ನಮ್ದು" ಅಂದರು.

ಚಡ್ಡಿ ಮಾಡಬೇಕಾದವಳು ನಾನು. ಅಚ್ಚಿನಿಂದ ತೆಗೆದ ಮೈಗೆ ಮತ್ತೊಂದು ಪದರ ಪ್ಲಾಸ್ಟರು ಬಳಿ, ಒಣಗಿಸು, ಉಜ್ಜು, ಅಂಚು ತೀಡು, ಮೇಲೆ ನೀಲಿ ಬಳಿ. "ಹೆತ್ತ ಮಕ್ಕಳಿಗೂ ಯಾರೂ ಇಷ್ಟು ಕಷ್ಟಪಟ್ಟು ಚಡ್ಡಿ ಹಾಕಲ್ಲ ಯಜಮಾನ್ರೇ" ಅಂತ ಮುಖದ ಮೇಲೇ ಹೇಳಿದೆ. ಅವರು ಹಲ್ಲು ಕಿರಿದು ಹೊರಟುಹೋದರು. ಗೋಡೆಯ ಮೇಲಿನ ದೊಡ್ಡ ಪಟವನ್ನೂ ಬಿಡಲಿಲ್ಲ. ನೀಲಿ ಕಾಗದವನ್ನು ಚಡ್ಡಿಯ ಆಕಾರಕ್ಕೆ ಕತ್ತರಿಸಿ, ಅಂಟು ಬಳಿದು, ತಾವೇ ಸ್ಟೂಲು ಹತ್ತಿ ಅಂಟಿಸಿದರು. ಹೆಂಗಸರು ಕೂತು ಕೆಲಸ ಮಾಡುವ ಕೋಣೆಯಂತೆ, ಚೆನ್ನಾಗಿರುವುದಿಲ್ಲವಂತೆ.

ನನ್ನ ತಂಗಿ ಬಣ್ಣಕ್ಕೆ ಸೇರಿದ್ದು ಇದೆಲ್ಲ ಆದ ಮೇಲೆ. ಅವಳು ಕಲಿತಿದ್ದೇ ಚಡ್ಡಿ ಹಾಕಿದ ಪಟ ನೋಡಿಕೊಂಡು. ಕಾಲಿನ ಹಿಂಭಾಗದಲ್ಲಿ ಬುಡದ ಎರಡು ಅಂತ ಒಂದು ಪಟ್ಟೆ ಮೇಲಕ್ಕೆ ಹತ್ತಿ ಚಡ್ಡಿಯೊಳಗೆ ಮಾಯವಾಗುತ್ತದೆ. ಸೇರಿದ ಹೊಸತರಲ್ಲಿ ಅವಳು ಒಮ್ಮೆ ಕೇಳಿದ್ದಳು, "ಬುಡದ ಎರಡು ಆದ್ಮೇಲೆ ಏನು ಯಜಮಾನ್ರೇ?"

"ಆಮೇಲೆ ಚಡ್ಡಿ" ಅಂದರು ಯಜಮಾನರು. ಎಲ್ಲರೂ ನಕ್ಕರು.

ಈಗ ನಗಲಿ ನೋಡೋಣ.

ಅವಳಿಗೆ ನಡುನೋವು ಬಹಳ ದಿನದಿಂದ ಇತ್ತು. ಬೊಂಬೆಯ ಪಾದಕ್ಕೆ ಬಣ್ಣ ಹಾಕಬೇಕೆಂದರೆ ಬಗ್ಗಿಕೊಂಡೇ ಇರಬೇಕು, ಯಾರಿಗೆ ನೋಯುವುದಿಲ್ಲ? ಅವತ್ತು ಸಾಗಿಸುವ ಆತುರದಲ್ಲಿ ಒಂದು ಪೆಟ್ಟಿಗೆಯನ್ನು ಅವಳೂ ಇನ್ನೊಬ್ಬಳೂ ಎತ್ತಿದರು. ಎತ್ತುವಾಗ ಸೊಂಟದಲ್ಲಿ ಚಳಕ್ ಅಂತಂತೆ. ಸಂಜೆ ಹೊತ್ತಿಗೆ ಎರಡೂ ಕಾಲಿಗೆ ನೋವು ಇಳಿಯಿತು. ಮರುದಿನ ಕೆಲಸಕ್ಕೆ ಬಂದವಳು ಕಾಲನ್ನು ಎಳೆದುಕೊಂಡು ನಡೆಯುತ್ತಿದ್ದಳು. ನಾನು ಯಜಮಾನರ ಹತ್ತಿರ ಹೋಗಿ, "ಕೊಡ್ತೀರೋ ಬಿಡ್ತೀರೋ, ಇವತ್ತು ನಮಗಿಬ್ಬರಿಗೂ ಅರ್ಧ ದಿನ ರಜ" ಅಂದು ಅವಳನ್ನು ಕ್ಲಿನಿಕ್ಕಿಗೆ ಹೊರಡಿಸಿದೆ.

ಹೊರಡುವ ಮುಂಚೆ ಅವಳು ಒಂದು ಕೆಲಸ ಮಾಡಿದಳು. ನಮ್ಮ ಕಾರ್ಖಾನೆಯವರು ಬಿಟ್ಟರೆ ಪ್ರಪಂಚದಲ್ಲಿ ಬೇರೆ ಯಾರೂ ಹಾಗೆ ಮಾಡಲಿಕ್ಕಿಲ್ಲ. ಒಣಗಲು ನಿಲ್ಲಿಸಿದ್ದ ಪಟ್ಟೆರಾಯನ ಮುಂದೆ ನಿಂತು, ತನಗೆ ಎಲ್ಲೆಲ್ಲಿ ನೋಯುತ್ತದೆ ಅಂತ ಅವನ ಮೈಮೇಲೆ ಬೆರಳಿಟ್ಟು ನೋಡಿದಳು. ಕಾಲಿನ ಹೊರಬದಿ, ಸೊಂಟದ ಐದು. ಹಿಮ್ಮಡಿ, ಕಾಲಿನ ಕಿರುಬೆರಳು, ಬುಡದ ಒಂದು. ಪಾಠ ಒಪ್ಪಿಸುವವರ ಹಾಗೆ ತುಟಿ ಆಡಿಸುತ್ತ ಅದನ್ನು ಮನಸ್ಸಿನಲ್ಲಿ ಇಟ್ಟುಕೊಂಡಳು. ಡಾಕ್ಟರ ಹತ್ತಿರ ಏನು ಹೇಳಬೇಕು ಅಂತ ಅವಳು ತೀರ್ಮಾನಿಸಿದ್ದು ಹಾಗೆ. ಅವಳ ಮೈಯಲ್ಲಿ ಇನ್ನೊಂದು ತೊಂದರೆ ಆಗಲೇ ಶುರುವಾಗಿತ್ತು. ಅದಕ್ಕೆ ಬೆರಳಿಡಲು ಹೋದ ಜಾಗದಲ್ಲಿ ಅವಳಿಗೆ ಸಿಕ್ಕಿದ್ದು ನೀಲಿ ಬಣ್ಣ.

ಕ್ಲಿನಿಕ್ಕಿನ ಡಾಕ್ಟರು ಇನ್ನೂ ಚಿಕ್ಕ ವಯಸ್ಸಿನವರು. ಮಾತು ಮೃದು. ಅವರ ಮೇಜಿನ ಪಕ್ಕದಲ್ಲಿ ಯಾರು ನಿಂತಿದ್ದ ಹೇಳಿ? ನಮ್ಮ ಪಟ್ಟೆರಾಯ! ನನಗಂತೂ ಪರವೂರಲ್ಲಿ ನೆಂಟರು ಸಿಕ್ಕಷ್ಟು ಖುಷಿಯಾಯಿತು. ತಂಗಿಯೂ ನೋವಿನಲ್ಲೇ ನನ್ನ ಕಿವಿಯಲ್ಲಿ, "ಆ ಹಸಿರು ನಾನೇ ಕಲೆಸಿದ್ದು ಅಕ್ಕ, ಸ್ವಲ್ಪ ಗಾಢ ಆಗಿಬಿಟ್ಟಿದೆ" ಅಂದಳು.

ಅವಳು ನೋವು ಎಲ್ಲೆಲ್ಲಿ ಅಂತ ನಂಬರು ಸಮೇತ ಹೇಳಿದಳು. ಡಾಕ್ಟರಿಗೆ ಆಶ್ಚರ್ಯವಾಯಿತು. ಪಾದಕ್ಕೆ ಸೂಜಿಯ ಮೊನೆ ತಾಗಿಸಿದರು, ಕಾಲು ಎತ್ತಿಸಿದರು, ಮೊಣಕಾಲಿಗೆ ಸುತ್ತಿಗೆಯಿಂದ ಕುಟ್ಟಿದರು. ಆಮೇಲೆ ಪೆನ್ನು ಹಿಡಿದು ಪಟ್ಟೆರಾಯನ ಮೇಲೆ ವಿವರಿಸಿದರು, "ನೋಡಿ, ನರ ಇಲ್ಲಿ ಸೊಂಟದಲ್ಲಿ ಹೊರಡುತ್ತೆ, ಹೀಗೆ ಬಂದು, ಹೀಗೆ ಕಾಲಿಗಿಳಿಯುತ್ತೆ." ಅವರ ಪೆನ್ನು ಸೊಂಟದಿಂದ ಹೊರಟು, ಚಡ್ಡಿಯ ಮೇಲೆ ಟಣ್ಣನೆ ಹಾರಿ, ತೊಡೆಗೆ ಇಳಿಯಿತು. ಅದನ್ನು ನಾನು ಈ ಕಣ್ಣಾರೆ ನೋಡಿದ್ದೇನೆ.

"ಬೇರೆ ಏನಾದ್ರೂ ತೊಂದ್ರೆ?" ಅಂದರು ಕೊನೆಗೆ, ಚೀಟಿ ಬರೆಯುತ್ತ, ತಲೆ ಎತ್ತದೆ.

"ಏನಿಲ್ಲ" ಅಂದಳು ನನ್ನ ತಂಗಿ.

ಮಾತ್ರೆ ಬರೆದುಕೊಟ್ಟು, ಭಾರ ಎತ್ತಬೇಡಿ, ಗಟ್ಟಿ ಹಾಸಿಗೆಯಲ್ಲಿ ಮಲಗಿ ಅಂದರು. ಬಂದೆವು.

ಅವಳು ಮನೆಯಲ್ಲಿ ಮಲಗಿದ್ದಳಾ? ಇಲ್ಲ. ಯಜಮಾನರು ಹೇಳಿ ಕಳಿಸಿದ್ದರು, ನಂಬರು ಬರೆಯುವುದಷ್ಟೇ ಬಾಕಿ ಇದೆ, ಕೂತುಕೊಂಡೇ ಬರೆಯಬಹುದಲ್ಲ ಅಂತ. ಮಾರನೆಯ ದಿನ ಅವಳು ಬಂದು ಸ್ಟೂಲಿನ ಮೇಲೆ ಕೂತಳು. ಮಧ್ಯಾಹ್ನ ಊಟಕ್ಕೆ ಏಳುವಾಗ ನಾನು ಅವಳ ಹಿಂದೆ ಇದ್ದೆ. ಸ್ಟೂಲಿನ ಮೇಲೆ ನನ್ನ ಅಚ್ಚಿನ ಕ್ಲಿಪ್ಪು ಬಿದ್ದಿತ್ತು. ಕಬ್ಬಿಣದ್ದು, ಚೂಪು ಹಲ್ಲಿನದ್ದು. ಅವಳು ಬೆಳಗಿನಿಂದ ಅದರ ಮೇಲೇ ಕೂತಿದ್ದಳು. ಬಟ್ಟೆಯ ಮೇಲೆ ರಕ್ತ ಕಾಣಿಸುತ್ತಿತ್ತು.

ಅವಳನ್ನು ಬಣ್ಣದ ಡಬ್ಬಿಗಳ ಕೋಣೆಗೆ ಎಳೆದುಕೊಂಡು ಹೋಗಿ ಬಾಗಿಲು ಹಾಕಿದೆ. "ಇಷ್ಟು ಚುಚ್ಚಿದೆಯಲ್ಲೇ, ಗೊತ್ತಾಗ್ಲಿಲ್ವಾ ನಿಂಗೆ?"

ಅವಳು ಡಬ್ಬಿಗಳನ್ನು ನೋಡುತ್ತ ಹೇಳಿದಳು, "ಅಲ್ಲಿ ಏನೂ ಗೊತ್ತಾಗ್ತಿಲ್ಲ ಅಕ್ಕ. ಪೆಟ್ಟಿಗೆ ಎತ್ತಿದ ಮಾರನೇ ಬೆಳಿಗ್ಗೆಯಿಂದ. ಕೂತ್ರೆ ಮಡಿಚಿದ ಬಟ್ಟೆ ಮೇಲೆ ಕೂತಂಗಿರುತ್ತೆ. ತೊಳ್ಕೊಂಡ್ರೆ ಬೇರೆ ಯಾರದೋ ಮೈ ತೊಳ್ದಂಗಿರುತ್ತೆ."

"ಒಂದಕ್ಕೆ ಹೋಗ್ತಿದೀಯಾ?"

"ಬರಲ್ಲ. ತುಂಬಿದೆ ಅಂತಾನೂ ಗೊತ್ತಾಗಲ್ಲ. ಆಮೇಲೆ ತಾನಾಗೇ ಒಂದೊಂದು ಹನಿ..."

"ಡಾಕ್ಟರ ಮುಂದೆ ಯಾಕೇ ಬಾಯಿ ಬಿಡ್ಲಿಲ್ಲ? ಅವರು ಬೇರೆ ತೊಂದ್ರೆ ಇದೆಯಾ ಅಂದಾಗ ಏನಿಲ್ಲ ಅಂದ್ಯಲ್ಲೇ!"

"ಇದು ಹೆಂಗಸರ ತೊಂದ್ರೆ ಇರ್ಬೇಕು, ಅಮ್ಮನ ಹತ್ರ ಹೇಳೋಣ ಅಂದ್ಕೊಂಡೆ. ಬೆನ್ನಿಗೂ ಅದಕ್ಕೂ ಏನಕ್ಕ ಸಂಬಂಧ? ಪಟ್ಟೆರಾಯನ ಮೈಮೇಲೆ ಅಲ್ಲಿ ನಂಬರೇ ಇಲ್ವಲ್ಲ."

ನನಗೆ ಆ ಕ್ಷಣದಲ್ಲಿ ಅಳಬೇಕೋ ಬೈಯಬೇಕೋ ತಿಳಿಯಲಿಲ್ಲ. ನನ್ನ ಸ್ವಭಾವಕ್ಕೆ ತಕ್ಕಂತೆ ಬೈದೆ. "ನಂಬರ್ ಇಲ್ದಿದ್ರೆ ನರ ಇಲ್ವೇನೇ? ಅಲ್ಲಿ ಚರ್ಮ ಇಲ್ವಾ? ಅದೂ ನಿನ್ನ ಮೈಯೇ ತಾನೇ? ಮೈ ಪೂರ್ತಿ ಬಣ್ಣ ಬಳಿಯೋ ನೀನೇ ಹಿಂಗಂದ್ರೆ!" ಬೈಯುತ್ತಲೇ ಅವಳ ಏಪ್ರನ್ನಿನ ಗಂಟು ಬಿಚ್ಚಿದೆ, ಚಪ್ಪಲಿ ಹಾಕಿಸಿದೆ. ಅಮ್ಮನಿಗೆ ಫೋನು ಮಾಡಿ ದೊಡ್ಡಾಸ್ಪತ್ರೆಗೆ ಹೋಗುತ್ತಿದ್ದೇವೆ ಅಂದೆ. ಯಾಕೆ ಅಂದಳು ಅಮ್ಮ. ಹೇಳಿದೆ. ಆಮೇಲೆ, "ಅಲ್ಲಿ ಎಲ್ಲರ ಮುಂದೆ ಕೂಗಾಡಬೇಡ್ವೇ, ಮಾನ ಹೋಗುತ್ತೆ" ಅಂದಳು.

ಕೂಗಾಡದೆ ಇರುತ್ತೇನೆಯೇ? ದೊಡ್ಡಾಸ್ಪತ್ರೆಯ ಪಡಸಾಲೆಯಲ್ಲಿ ಜನವೋ ಜನ. ಕಿಟಕಿಯ ಹಿಂದೆ ಕೂತವನು ಮುಖವನ್ನೇ ನೋಡದೆ, "ಏನ್ ತೊಂದ್ರೆ?" ಅಂದ.

"ಬೆನ್ನು ನೋವು" ಅಂದಳು ತಂಗಿ, ಪಿಸುಮಾತಿನಲ್ಲಿ.

"ಬೆನ್ನು ನೋವಿನವ್ರು ಆ ಸಾಲಿಗೆ ಹೋಗಿ."

ಆ ಸಾಲು ಬಾಗಿಲು ದಾಟಿ ಅಂಗಳಕ್ಕೆ ಹೋಗಿತ್ತು. ನನ್ನ ಪಿತ್ತ ನೆತ್ತಿಗೇರಿತು. ಕಿಟಕಿಯ ಕಟ್ಟೆಗೆ ಕೈ ಬಡಿದು ಹೇಳಿದೆ, "ಬರೀ ಬೆನ್ನಲ್ಲ ಸ್ವಾಮಿ! ನನ್ನ ತಂಗಿಗೆ ಕುಂಡೆ ಮರಗಟ್ಟಿದೆ! ಕಬ್ಬಿಣ ಚುಚ್ಚಿ ರಕ್ತ ಬಂದ್ರೂ ಗೊತ್ತಾಗ್ತಿಲ್ಲ! ಒಂದಕ್ಕೆ ಬರ್ತಿಲ್ಲ! ಇದಕ್ಕೆ ಯಾವ ಸಾಲು ಹೇಳಿ!"

ಇಡೀ ಪಡಸಾಲೆ ತಿರುಗಿ ನೋಡಿತು. ತಂಗಿ ಎರಡೂ ಕೈಯಲ್ಲಿ ಮುಖ ಮುಚ್ಚಿಕೊಂಡಳು. ಒಬ್ಬ ಮುದುಕ ಚಪ್ಪಲಿ ಸರಿಮಾಡಿಕೊಳ್ಳುವವನ ಹಾಗೆ ಬಗ್ಗಿದ. ಆದರೆ ಟ್ರೇ ಹಿಡಿದು ಹೋಗುತ್ತಿದ್ದ ನರ್ಸು ಒಬ್ಬಳು ಅಲ್ಲೇ ನಿಂತಳು. ಟ್ರೇಯನ್ನು ಆ ಕಿಟಕಿಯವನ ಮೇಜಿನ ಮೇಲೇ ಇಟ್ಟು, "ಯಾವಾಗಿಂದ?" ಅಂದಳು. ನಾನು ಹೇಳಿದೆ. ಅವಳು ಮತ್ತೊಂದು ಮಾತೂ ಆಡದೆ ಗಾಲಿಕುರ್ಚಿ ತಂದಳು. ನಮಗೆ ಸಾಲೇ ಇರಲಿಲ್ಲ. ಆ ಮಾತನ್ನು ಮೊದಲೇ ಆಡಿದ್ದರೆ ಎಲ್ಲ ಬಾಗಿಲೂ ಹಾಗೇ ತೆರೆಯುತ್ತಿತ್ತು.

ಬೆನ್ನಿನ ಡಾಕ್ಟರಮ್ಮನಿಗೆ ನಡುವಯಸ್ಸು, ತೋಳು ಮಡಿಚಿದ ಕೋಟು. ಪರದೆ ಎಳೆದು, ಕುರ್ಚಿ ಹತ್ತಿರಕ್ಕೆ ಎಳೆದುಕೊಂಡು, ಇವತ್ತು ಏನು ಅಡುಗೆ ಅಂತ ಕೇಳುವಷ್ಟು ಸಲೀಸಾಗಿ ಕೇಳಿದರು, "ಒಂದಕ್ಕೆ ಹೋಗಿದ್ದು ಯಾವಾಗ? ಎರಡಕ್ಕೆ? ತೊಳ್ಕೊಂಡಾಗ ಕೈ ತಾಗಿದ್ದು ಗೊತ್ತಾಗುತ್ತಾ?" ಯಾರೂ ಕೇಳದ ಪ್ರಶ್ನೆಗಳು. ತಂಗಿ ಗೋಡೆಯ ಕಡೆ ಮುಖ ಮಾಡಿ ಒಂದೊಂದಕ್ಕೂ ಉತ್ತರ ಕೊಟ್ಟಳು.

ಆಮೇಲೆ ಡಾಕ್ಟರಮ್ಮ ಹತ್ತಿಯನ್ನೂ ಸೂಜಿಯನ್ನೂ ತೆಗೆದುಕೊಂಡರು. ನಾನು ತಂಗಿಯ ಕೈ ಹಿಡಿದುಕೊಂಡಿದ್ದೆ.

"ಇಲ್ಲಿ ಗೊತ್ತಾಗುತ್ತಾ?"

"ಹೂಂ."

"ಇಲ್ಲಿ?"

"ಇಲ್ಲ."

"ಇಲ್ಲಿ? ಇಲ್ಲಿ?"

"ಇಲ್ಲ. ಇಲ್ಲ ಡಾಕ್ಟ್ರಮ್ಮ. ನೀವು ಮುಟ್ತಾ ಇದೀರಾ?"



ಡಾಕ್ಟರಮ್ಮ ಕೈಗವಸು ಬಿಚ್ಚುತ್ತ ಹೇಳಿದರು, "ಬೆನ್ನುಹುರಿ ಸೊಂಟದ ಹತ್ರಾನೇ ಮುಗಿದುಹೋಗುತ್ತಮ್ಮ. ಅಲ್ಲಿಂದ ಕೆಳಗೆ ನರಗಳು ಗೊಂಚಲಾಗಿ ಇಳೀತವೆ, ಕುದುರೆ ಬಾಲದ ಹಾಗೆ. ಮೂಳೆಗಳ ಮಧ್ಯೆ ಇರೋ ಮೆತ್ತೆ ಜಾರಿ ಆ ಗೊಂಚಲನ್ನ ಅದುಮಿಬಿಟ್ಟಿದೆ. ಕಾಲಿನ ನರಾನೂ ಅದ್ರಲ್ಲೇ, ಕೂರೋ ಜಾಗದ್ದೂ ಅದ್ರಲ್ಲೇ, ಒಂದಕ್ಕೆ ಎರಡಕ್ಕೆ ತಡೆಯೋ ನರಾನೂ ಅದ್ರಲ್ಲೇ. ಸ್ಕ್ಯಾನ್ ಆದ ತಕ್ಷಣ ಆಪರೇಷನ್ ಮಾಡ್ತೀವಿ. ಕಾಲು ಉಳಿಯುತ್ತೆ ಅನ್ಸುತ್ತೆ. ಉಳಿದಿದ್ದು ಎಷ್ಟು ವಾಪಸ್ ಬರುತ್ತೋ ಹೇಳಕ್ಕಾಗಲ್ಲ. ಮರಗಟ್ಟಿದ ದಿನವೇ ಬರ್ಬೇಕಿತ್ತು."

"ಬಂದಿದ್ವಿ! ಕ್ಲಿನಿಕ್ಕಿಗೆ ಹೋಗಿದ್ವಿ!" ಅಂದೆ ನಾನು.

"ಅವರು ಇದನ್ನ ಕೇಳ್ಲಿಲ್ವಾ?"

"ಇಲ್ಲ."

"ನೀವು ಹೇಳ್ಲಿಲ್ವಾ?"

ನಾನು ಎಲ್ಲ ಹೇಳಿದೆ. ಕಾರ್ಖಾನೆ, ಪಟ್ಟೆ, ನಂಬರು, ಚಡ್ಡಿ. ಹೇಳುತ್ತ ಹೇಳುತ್ತ ನನ್ನ ಧ್ವನಿ ಏರಿತು. ಡಾಕ್ಟರಮ್ಮ ಕೇಳಿಸಿಕೊಂಡು, "ಓ, ಆ ನೀಲಿ ಚಡ್ಡಿದಾ? ನಮ್ಮ ಕಾಲೇಜಲ್ಲೂ ಅದೇ ಇದೆ. ನಮ್ಮ ಹುಡುಗರು ಓದೋದೂ ಅದನ್ನ ನೋಡ್ಕೊಂಡೇ" ಅಂದರು. ಆಮೇಲೆ ಎದ್ದು ಆಪರೇಷನ್ನಿಗೆ ಹೇಳಲು ಹೋದರು.

ಆಪರೇಷನ್ ಆಯಿತು. ಕಾಲಿನ ನೋವು ಹೋಯಿತು. ಕೆಲವು ದಿನಕ್ಕೆ ಗೋಡೆ ಹಿಡಿದು ನಡೆದಳು, ಆಮೇಲೆ ಗೋಡೆ ಬಿಟ್ಟಳು. ಆದರೆ ಮೂತ್ರದ ನಳಿಕೆ ತೆಗೆದು ನೋಡಿದರೆ ಒಂದಕ್ಕೆ ಬರಲಿಲ್ಲ. ಮತ್ತೆ ಹಾಕಿದರು, ಮತ್ತೆ ತೆಗೆದರು. ಕೊನೆಗೆ ಅದೇ ನರ್ಸು ಬಂದು, ಕನ್ನಡಿ ಹಿಡಿದುಕೊಂಡು ತೆಳ್ಳನೆಯ ನಳಿಕೆಯನ್ನು ತಾನೇ ಹಾಕಿಕೊಳ್ಳುವುದು ಹೇಗೆ ಅಂತ ಕಲಿಸಿದಳು. ದಿನಕ್ಕೆ ಹಲವು ಸಲ, ಗಡಿಯಾರ ನೋಡಿಕೊಂಡು. ತುಂಬಿದ್ದು ಗೊತ್ತಾಗುವುದಿಲ್ಲವಲ್ಲ. ನರ ನಿಧಾನವಾಗಿ ಚಿಗುರುತ್ತದೆ, ಚಿಗುರಿದರೆ ಚಿಗುರಬಹುದು, ಇಲ್ಲವಾದರೆ ಇಲ್ಲ ಅಂದರು ಡಾಕ್ಟರಮ್ಮ. ಬೆಣ್ಣೆ ಹಚ್ಚಿದ ಮಾತು ಅವರದಲ್ಲ, ಅದಕ್ಕೆ ಅವರ ಮೇಲೆ ನನಗೆ ಗೌರವ.

ಮನೆಗೆ ಬಂದ ಮೇಲೆ ಅಮ್ಮ ಅಕ್ಕಪಕ್ಕದವರಿಗೆ, "ಬೆನ್ನಿಗೆ ಸಣ್ಣ ಆಪರೇಷನ್" ಅನ್ನುತ್ತಿದ್ದಳು. ನಳಿಕೆಯ ಪೊಟ್ಟಣವನ್ನು ಅಕ್ಕಿ ಡಬ್ಬದ ಹಿಂದೆ ಇಟ್ಟಳು. "ಯಾರಿಗೂ ಹೇಳ್ಬೇಡಿ ಕಣ್ರೇ" ಅಂತ ನಮ್ಮಿಬ್ಬರಿಗೂ ಹೇಳಿದಳು.

"ಹೇಳ್ಬೇಡಿ ಹೇಳ್ಬೇಡಿ ಅಂತಾನೇ ಇಲ್ಲಿಗೆ ಬಂದಿರೋದು!" ಅಂತ ನಾನು ಕಿರುಚಿದೆ. ಅಮ್ಮ ಅತ್ತಳು. ಅವಳನ್ನು ಬೈದು ಪ್ರಯೋಜನವಿಲ್ಲ ಅಂತ ಗೊತ್ತಿತ್ತು. ಮಾರನೆಯ ಬೆಳಿಗ್ಗೆ ಪೊಟ್ಟಣ ಕಿಟಕಿಯ ಮೇಲೆ, ಬಾಚಣಿಗೆಯ ಪಕ್ಕದಲ್ಲಿ ಇತ್ತು. ಅಮ್ಮನೇ ಇಟ್ಟಿದ್ದಳು.

ಯಜಮಾನರು ಬಿಸ್ಕತ್ತಿನ ಪೊಟ್ಟಣ ಹಿಡಿದುಕೊಂಡು ನೋಡಲು ಬಂದರು. "ನಿನ್ನಂಥ ಕೈ ಯಾರಿಗೂ ಇಲ್ಲಮ್ಮ, ಬೇಗ ಹುಷಾರಾಗು, ನಾಲ್ಕು ಬೊಂಬೆ ಬೆಳ್ಳಗೆ ನಿಂತಿವೆ" ಅಂದರು. ನಾನು ಅವರನ್ನು ಬಾಗಿಲ ತನಕ ಬಿಡಲು ಹೋಗಿ, ಅಲ್ಲೇ ತಡೆದು ನಿಲ್ಲಿಸಿದೆ. "ಇನ್ಮೇಲೆ ನಾನು ಚಡ್ಡಿ ಬಳಿಯಲ್ಲ ಯಜಮಾನ್ರೇ. ಅಲ್ಲೂ ನಂಬರ್ ಬರೀಬೇಕು."

"ಯಾಕಮ್ಮ?"

ನಾನು ಯಾಕೆ ಅಂತ ಹೇಳಿದೆ. ಬಿಡಿಸಿ ಬಿಡಿಸಿ ಹೇಳಿದೆ. ಅವರ ಕಿವಿ ಕೆಂಪಾಯಿತು. ಚಪ್ಪಲಿ ಹುಡುಕುತ್ತ ಅಂದರು, "ಪಾಪ, ಅವಳ ಹಣೆಬರಹ. ಚಡ್ಡಿಗೂ ಅದಕ್ಕೂ ಏನಮ್ಮ ಸಂಬಂಧ?"

ನನ್ನ ತಂಗಿ ಬಣ್ಣದ ಕೋಣೆಯಲ್ಲಿ ಕೇಳಿದ ಮಾತೇ ಅದು. ಅವಳಿಗೆ ಗೊತ್ತಿರಲಿಲ್ಲ, ಕೇಳಿದಳು. ಇವರಿಗೆ ಈಗಷ್ಟೇ ಹೇಳಿದ್ದೆ! ಕೈಗೆ ಸಿಕ್ಕಿದ್ದು ಬಿಸ್ಕತ್ತಿನ ಪೊಟ್ಟಣ. ಅದನ್ನೇ ಅವರ ಕೈಗೆ ತುರುಕಿ ಕಳಿಸಿದೆ.

ಅವಳು ಕೆಲಸಕ್ಕೆ ಮರಳಿದ ದಿನ ತನ್ನ ಜೊತೆ ಒಂದು ದಿಂಬು ತಂದಿದ್ದಳು. ಆದರೆ ಕೂರಲಿಲ್ಲ. ನೆಟ್ಟಗೆ ಗೋಡೆಯ ಪಟದ ಹತ್ತಿರ ಹೋದಳು. ನೀಲಿ ಕಾಗದದ ಅಂಚಿಗೆ ಉಗುರು ಹಾಕಿ ಎಳೆದಳು. ಹಳೆಯ ಅಂಟು, ಒಣಗಿಹೋಗಿತ್ತು, ಪರಪರ ಅಂತ ಬಂತು. ಕೆಳಗೆ ಎಲ್ಲ ಇತ್ತು. ಬುಡದ ಮೂರು, ನಾಲ್ಕು, ಐದು, ಒಂದರೊಳಗೊಂದು ಉಂಗುರಗಳು. ಉಳಿದ ಪಟವೆಲ್ಲ ಬಿಸಿಲಿಗೆ ಮಾಸಿತ್ತು, ಆ ಜಾಗದ ಬಣ್ಣ ಮಾತ್ರ ಹೊಸದಾಗಿಯೇ ಉಳಿದಿತ್ತು. ಇಷ್ಟು ವರ್ಷ ಅವಳು ಕತ್ತೆತ್ತಿದರೆ ಕಾಣುವಷ್ಟು ಹತ್ತಿರದಲ್ಲೇ ಅದು ಇತ್ತು.

"ಅಕ್ಕ, ಉಳಿ ತಗೊಂಡು ಬಾ" ಅಂದಳು.

ಕಿವಿ ಮುಕ್ಕಾಗಿ ಮೂಲೆ ಸೇರಿದ್ದ ಒಬ್ಬ ಪಟ್ಟೆರಾಯನನ್ನು ಮೇಜಿನ ಮೇಲೆ ಮಲಗಿಸಿದೆವು. ನಾನೇ ಬಳಿದಿದ್ದ ಚಡ್ಡಿಯನ್ನು ನಾನೇ ಚೂರುಚೂರಾಗಿ ಕೆತ್ತಿ ತೆಗೆದೆ. ಮುಂಭಾಗಕ್ಕೆ ಬಂದಾಗ ತಂಗಿ, "ಹುಷಾರು ಅಕ್ಕ, ಕೈ ಜಾರಿದ್ರೆ ಪಾಪದವನ ಗತಿ ಮುಗೀತು" ಅಂದು ನಕ್ಕಳು. ಆಸ್ಪತ್ರೆಯಿಂದ ಬಂದ ಮೇಲೆ ಅವಳು ನಕ್ಕಿದ್ದು ಅದೇ ಮೊದಲು. ಎಲ್ಲ ಹೆಂಗಸರೂ ಬಂದು ಸುತ್ತ ನಿಂತರು. ಯಾರೂ ಮುಖ ಮುಚ್ಚಿಕೊಳ್ಳಲಿಲ್ಲ.

ಅವಳು ದಿಂಬಿನ ಮೇಲೆ ಕೂತು ಬಣ್ಣ ಕಲೆಸಿದಳು. ಬುಡದ ಎರಡನ್ನು ತೊಡೆಯಿಂದ ಮೇಲಕ್ಕೆ ಒಯ್ದು ಮುಗಿಸಿ, "ಇಲ್ಲಿ ಗೊತ್ತಾಗುತ್ತೆ ನಂಗೆ" ಅಂದಳು. ಮೂರರ ಉಂಗುರ ಎಳೆದು, "ಇಲ್ಲಿ ಸ್ವಲ್ಪ. ಬಟ್ಟೆ ಮೇಲಿಂದ ಮುಟ್ಟಿದಂಗೆ" ಅಂದಳು. ಅದರೊಳಗಿನದಕ್ಕೆ ಬಂದಾಗ ಏನೂ ಅನ್ನಲಿಲ್ಲ. ಕುಂಚವನ್ನು ಕೆಂಪಿಗೆ ಅದ್ದಿ ಬರೆದಳು.

ಯಜಮಾನರು ಒಳಗೆ ಬಂದವರು ಮೇಜನ್ನು ನೋಡಿ, ಗೋಡೆಯನ್ನು ನೋಡಿ, "ಬಾಗಿಲು ಹಾಕಿಕೊಳ್ರಮ್ಮ, ಯಾರಾದ್ರೂ ನೋಡಿದ್ರೆ ಏನಂದ್ಕೋತಾರೆ?" ಅಂದರು. ಎರಕದವರಲ್ಲೇ ಹಿರಿಯಳೊಬ್ಬಳು ಹೋಗಿ ಎರಡೂ ಬಾಗಿಲನ್ನು ಅಗಲವಾಗಿ ತೆರೆದಿಟ್ಟಳು.

ಬಣ್ಣ ಒಣಗಿದ ಮೇಲೆ ನಾವಿಬ್ಬರೂ ಅವನನ್ನು ಹೊತ್ತುಕೊಂಡು ಬೀದಿಗೆ ಇಳಿದೆವು. ಅಂದರೆ ಹೊತ್ತವಳು ನಾನು, ಅವಳಿಗೆ ಭಾರ ಎತ್ತುವ ಹಾಗಿಲ್ಲ. ಅವಳು ಅವನ ಒಂದು ಕೈ ಹಿಡಿದುಕೊಂಡು ಪಕ್ಕದಲ್ಲಿ ನಡೆದಳು. ಹಗಲು ಹೊತ್ತು, ಅಂಗಡಿಗಳ ಮುಂದೆ ಜನ. ಒಬ್ಬ "ಏನಮ್ಮ ಇದು ಅಸಹ್ಯ!" ಅಂದ. "ನಿನ್ನ ಹತ್ರ ಇಲ್ವೇನಪ್ಪ?" ಅಂದೆ.

ಕ್ಲಿನಿಕ್ಕಿನ ಚಿಕ್ಕ ಡಾಕ್ಟರು ನಮ್ಮನ್ನು ನೋಡಿ ಎದ್ದು ನಿಂತರು. ದೊಡ್ಡಾಸ್ಪತ್ರೆಯಿಂದ ಅವರಿಗೆ ವಿಷಯ ಮುಟ್ಟಿತ್ತು ಅಂತ ಮುಖ ನೋಡಿದರೇ ಗೊತ್ತಾಗುತ್ತಿತ್ತು. ನಾನು ದಾರಿಯುದ್ದಕ್ಕೂ ಬೈಗುಳ ಜೋಡಿಸಿಕೊಂಡು ಬಂದಿದ್ದೆ. ತಂಗಿ ನನ್ನ ಮೊಣಕೈ ಹಿಡಿದು ಅದುಮಿದಳು. ನಾನು ಬಾಯಿ ಮುಚ್ಚಿಕೊಂಡು, ಚಡ್ಡಿಯವನನ್ನು ಎತ್ತಿ ಬಾಗಿಲಾಚೆ ಇಟ್ಟು, ಆ ಜಾಗದಲ್ಲಿ ಇವನನ್ನು ನಿಲ್ಲಿಸಿದೆ. ಬೆನ್ನು ಡಾಕ್ಟರ ಕಡೆಗೆ.

ಡಾಕ್ಟರು ಆ ಉಂಗುರಗಳನ್ನು ಬಹಳ ಹೊತ್ತು ನೋಡಿದರು. ಕೈಯಲ್ಲಿದ್ದ ಪೆನ್ನನ್ನು ಮೇಜಿನ ಮೇಲೆ ಇಟ್ಟರು. ಆಮೇಲೆ ತಂಗಿಯ ಮುಖವನ್ನು ನೋಡಿಕೊಂಡೇ, ಕೆಂಪಾಗಿ, ತಡವರಿಸುತ್ತ ಕೇಳಿದರು, "ಈಗ... ಒಂದಕ್ಕೆ ಹೋಗೋದು ಹೇಗಿದೆ?"

ಹೊರಗೆ ಬೆಂಚಿನ ಮೇಲೆ ಕಾದು ಕೂತವರಿಗೂ ಕೇಳಿಸುವ ಧ್ವನಿಯಲ್ಲಿ ನನ್ನ ತಂಗಿ ಹೇಳಿದಳು, "ನಳಿಕೆ ಹಾಕ್ಕೊಂಡು ಹೋಗ್ತೀನಿ. ಬಹುಶಃ ಸಾಯೋ ತನಕ." ಮತ್ತೆ ಹೇಳಿದಳು, "ಆವತ್ತು ನೀವು ಕೇಳಿದ್ರೂ ಹೇಳ್ತಿದ್ನೋ ಇಲ್ವೋ, ನಂಗೊತ್ತಿಲ್ಲ ಡಾಕ್ಟ್ರೇ. ಆದ್ರೂ ನೀವು ಕೇಳ್ಬೇಕಿತ್ತು."